ತೋಳದ ಹಿಂದೆ ಏನು ಕಾಣುತ್ತಿದೆ?

ಬಾಗಲಕೋಟೆ ಕಡೆಯ ಬಯಲಿನಲ್ಲಿ ಕಾಡುಪ್ರಾಣಿಗಳ ಚಿತ್ರ ಮಾಡುವುದು ನನ್ನ ಕೆಲಸ. ಹೊಸ ಹುಡುಗರು ಮೊದಲು ಕೇಳುವುದು ಯಾವ ಲೆನ್ಸ್ ಅಂತ. ನಾನು ಹೇಳುವುದು ಬೇರೆ. ಪ್ರಾಣಿ ಫ್ರೇಮಿಗೆ ಬಂತಾ? ಈಗ ಅದರ ಹಿಂದೆ ನೋಡಿ.

ದಟ್ಟ ಕಾಡಿನಲ್ಲಿ ಈ ತಲೆನೋವಿಲ್ಲ. ಮರದ ಹಿಂದೆ ಮರ ಇರುತ್ತದೆ ಅಷ್ಟೇ. ನಮ್ಮಲ್ಲಿ ತೋಳದ ಹಿಂದೆ ಒಂದು ಗುಡ್ಡ, ಗುಡ್ಡದ ಮೇಲೆ ಗುಡಿ, ಪಕ್ಕದಲ್ಲಿ ಟವರ್. ಬೀಳಗಿ, ಮುಧೋಳದ ಕಡೆಯವರಿಗೆ ಅಷ್ಟು ಸಾಕು, ಜಾಗ ಯಾವುದು ಅಂತ ಕೂತಲ್ಲೇ ಹೇಳುತ್ತಾರೆ. ಕ್ಯಾಮೆರಾದಲ್ಲಿ ಲೊಕೇಶನ್ ಆಫ್ ಮಾಡಿ ಏನು ಬಂತು?

ಜಾಗ ಗೊತ್ತಾದರೆ ತೋಳಕ್ಕೇ ಅಪಾಯ. ಚಳಿಗಾಲ ತೋಳ ಮರಿ ಹಾಕುವ ಕಾಲ. ಕುರಿ ಕಳೆದುಕೊಂಡವರು ಗವಿಗೆ ಹೊಗೆ ಹಾಕುವುದು, ಕಲ್ಲು ತುಂಬುವುದು ಮೊದಲಿಂದಲೂ ಇದೆ. ಅವರ ಸಂಕಟ ಸುಳ್ಳಲ್ಲ ಬಿಡಿ. ಈಗ ಫೋಟೊದವರ ಕಾಟವೂ ಸೇರಿದೆ. ನಾಲ್ಕು ಗಾಡಿ ಬಂದು ನಿಂತರೆ ತಾಯಿ ಮರಿಗಳನ್ನು ಬಾಯಲ್ಲಿ ಕಚ್ಚಿಕೊಂಡು ಬೇರೆ ಕಡೆ ಸಾಗಿಸುತ್ತದೆ. ದಾರಿಯಲ್ಲಿ ನಾಯಿಗಳಿವೆ, ಡಾಂಬರು ರಸ್ತೆ ಇದೆ. ಹಾಗಾಗಿ ಗವಿಯ ಶಾಟ್ ನಾನು ತೆಗೆಯುವುದಿಲ್ಲ. ದುಡ್ಡು ಕೊಡುವವರು ಎಷ್ಟು ಕೇಳಿದರೂ ಅಷ್ಟೇ.

ಉಳಿದ ಶಾಟ್‌ಗಳಿಗೆ ನೆಲಕ್ಕೆ ಹೊಟ್ಟೆ ಹಚ್ಚಿ ಮಲಗುತ್ತೇನೆ. ಕ್ಯಾಮೆರಾ ತೋಳದ ಎದೆಮಟ್ಟಕ್ಕೆ ಇಳಿದರೆ ಹಿಂದೆ ಹುಲ್ಲು, ಆಕಾಶ ಬಿಟ್ಟು ಮತ್ತೇನೂ ಉಳಿಯುವುದಿಲ್ಲ. ಬಿಸಿಲು ಏರಿದ ಮೇಲೆ ಏಳುವ ಝಳ ಗುಡ್ಡವನ್ನು ತಾನೇ ಅಳಿಸಿಬಿಡುತ್ತದೆ, ಆದರೆ ತೋಳವನ್ನೂ ಅಳಿಸುತ್ತದೆ! ಎಂಥ ದುಬಾರಿ ಲೆನ್ಸಿಗೂ ಅದಕ್ಕೆ ಮದ್ದಿಲ್ಲ. ಬೆಳಗಿನ ಮೊದಲ ಎರಡು ತಾಸೇ ಗತಿ.

ಇನ್ನು ಸೌಂಡ್. ಎಡಿಟಿಂಗ್‌ಗೆ ಕೂತು ಹೆಡ್‌ಫೋನ್ ಹಾಕಿದಾಗ ತೋಳದ ಊಳಿನ ಕೆಳಗೆ ಗುಡಿಯ ಮೈಕು ಸಣ್ಣಗೆ ಕೇಳುತ್ತಿತ್ತು. ದೇಣಿಗೆ ಕೊಟ್ಟವರ ಹೆಸರು ಓದುತ್ತಿದ್ದರು, ಊರಿನ ಸಮೇತ.

ಎಲ್ಲ ಮುಚ್ಚಿಟ್ಟರೆ ಯಾವುದನ್ನು ಉಳಿಸಿ ಅಂತ ಹೇಳುತ್ತೀರಿ ಎಂದು ಜನ ಕೇಳುತ್ತಾರೆ. ಊರು ಹೇಳೋಣ, ಮನೆ ನಂಬರ್ ಯಾಕೆ ಬೇಕು? ಯಡಹಳ್ಳಿ ಹೆಸರನ್ನು ನಾನು ಜೋರಾಗಿಯೇ ಹೇಳುತ್ತೇನೆ. ಬೀಳಗಿ, ಮುಧೋಳ ತಾಲ್ಲೂಕುಗಳ ಸುಮಾರು 96 ಚದರ ಕಿಲೊಮೀಟರ್ ಕುರುಚಲು ಕಾಡು 2016ರಲ್ಲಿ ಚಿಂಕಾರ ವನ್ಯಧಾಮ ಆಯಿತು. ಚಿಂಕಾರ ಅಂದರೆ ಬಯಲಿನ ಸಣ್ಣ ಹುಲ್ಲೆ. ಅಂಥ ಬಯಲನ್ನು ಸುಮ್ನೆ ಬಿದ್ದ ಭೂಮಿ ಅಂದುಕೊಂಡು ಉಳುವುದು, ಹಸಿರು ಮಾಡುತ್ತೇವೆ ಅಂತ ಗುಂಡಿ ತೋಡಿ ಸಸಿ ನೆಡುವುದು ನಿಲ್ಲಬೇಕು. ಮರ ಜಾಸ್ತಿಯಾದರೆ ಚಿಂಕಾರಕ್ಕೆ ಓಡಲು, ದೂರ ನೋಡಲು ಬಯಲೇ ಇರುವುದಿಲ್ಲ. ನಮ್ಮ ಚಿತ್ರ ಹೇಳಬೇಕಾದದ್ದು ಇದನ್ನು. ಇದಕ್ಕೆ ಗವಿ ತೋರಿಸುವ ಅಗತ್ಯವೇ ಇಲ್ಲ ಅಲ್ವಾ?

ಕೊನೆಗೆ ಒಂದು ಪರೀಕ್ಷೆ. ಫೈನಲ್ ಕಟ್‌ಗೆ ಮುಂಚೆ ಆ ಭಾಗದ ಕುರಿ ಕಾಯುವವರೊಬ್ಬರಿಗೆ ತೋರಿಸುತ್ತೇನೆ. ಅವರು ಜಾಗ ಗುರುತು ಹಿಡಿದರೆ ಆ ಶಾಟ್ ಹೋಯಿತು. ಎರಡು ತೋಳ ಜೊತೆಯಲ್ಲಿ ಆಡುವ ಒಂದು ಚೆಂದದ ಶಾಟ್ ಹೀಗೇ ಹೋಗಿದೆ. ಗುಡ್ಡ, ಗುಡಿ ಏನೂ ಇರಲಿಲ್ಲ. "ಆ ಸೊಟ್ಟ ಜಾಲಿಗಿಡ ನಮಗ ಗೊತ್ತಿಲ್ಲೇನ್ರೀ?" ಅಂದರು.