ದುರ್ಗದ ಹೆಜ್ಜೇನು, ಹಿರಿಯೂರಿನ ತುಡುವೆ

ಸಂಕ್ರಾಂತಿ ಕಳೆದ ಮೇಲೆ ನಾನು, ಗೆಳೆಯ ದಾವಣಗೆರೆಯಿಂದ ಚಿತ್ರದುರ್ಗದ ಬಸ್ಸು ಹತ್ತಿದೆವು. 60 ಕಿಲೋಮೀಟರ್ ಆಸುಪಾಸಿನ ದಾರಿ, ಹೆದ್ದಾರಿ ಚೆನ್ನಾಗಿದೆ, ಬೇಗ ಹೋಯಿತು. ಏಳು ಸುತ್ತಿನ ಕೋಟೆ, ಓಬವ್ವನ ಕಿಂಡಿ, ಅಕ್ಕ ತಂಗಿಯರ ಹೊಂಡ ಎಲ್ಲರೂ ನೋಡುವಂಥವು, ಅವುಗಳ ಬಗ್ಗೆ ಬೇಕಾದಷ್ಟು ಬರೆದಿದ್ದಾರೆ. ನಾವು ಹೋಗಿದ್ದು ಬಂಡೆಗಳಿಗೆ ಜೋತುಬಿದ್ದ ಹೆಜ್ಜೇನು ನೋಡಲಿಕ್ಕೆ.

ಹತ್ತುವಾಗ ಒಂದು ದೊಡ್ಡ ಬಂಡೆಯ ಚಾಚಿನ ಕೆಳಗೆ ಕಂಡವು. ಕಪ್ಪಗೆ, ಅರ್ಧಚಂದ್ರಾಕಾರದ ಎರಿಗಳು, ಅಂದರೆ ಮೇಣದ ಹುಟ್ಟುಗಳು, ಒಂದೊಂದೂ ಮೊರಕ್ಕಿಂತ ಅಗಲ. ಸಾಕಷ್ಟು ದೂರದಲ್ಲೇ ನಿಂತು ನೋಡಿದೆವು. ಹೆಜ್ಜೇನು ಕಟ್ಟುವುದು ಒಂದೇ ಎರಿ. ಪೊಟರೆಯೂ ಇಲ್ಲ, ಮರೆಯೂ ಇಲ್ಲ. ಹುಳುಗಳೇ ಒಂದರ ಮೇಲೊಂದು ಜೋತುಬಿದ್ದು ಮರಿಗಳಿಗೆ ಬಿಸಿಲು, ಚಳಿ ತಾಗದಂತೆ ಗೋಡೆಯಾಗುತ್ತವೆ. ಅಷ್ಟರಲ್ಲಿ ಒಂದು ಕಣಜ ಎರಿಯ ಹತ್ತಿರ ಸುಳಿಯಿತು. ಅಂಚಿನ ಹುಳುಗಳು ಹೊಟ್ಟೆ ಎತ್ತಿ ಇಳಿಸಿದವು, ಪಕ್ಕದವು ಹಾಗೇ ಮಾಡಿದವು. ಗಾಳಿಗೆ ರಾಗಿ ಹೊಲ ಹೊಯ್ದಾಡಿದ ಹಾಗೆ ಇಡೀ ಎರಿಯ ಮೇಲೆ ಅಲೆ ಹರಿಯಿತು. ಮತ್ತೆ, ಮತ್ತೆ. ಕಣಜ ಅಲ್ಲಿ ನಿಲ್ಲಲಿಲ್ಲ. ಯಾರೂ ಕುಟುಕಲಿಲ್ಲ, ಯಾರೂ ಸಾಯಲಿಲ್ಲ!

ಕೆಳಗೆ ಒಂದಿಷ್ಟು ಹುಡುಗರು ಸುಮ್ನೆ ಇರಲಾರದೆ ಕಲ್ಲು ಹೆಕ್ಕಿಕೊಂಡಿದ್ದರು. 'ಹೊಡೀಬೇಡ್ರಪ್ಪಾ, ಎದ್ದರೆ ಒಬ್ಬರನ್ನೂ ಬಿಡಲ್ಲ' ಎಂದು ಗೆಳೆಯ ಕೂಗಿದ. ಬಿಟ್ಟರು. ಹೆಜ್ಜೇನು ತಾನಾಗಿ ಜಗಳಕ್ಕೆ ಬರುವುದಿಲ್ಲ. ಕಲ್ಲು, ಹೊಗೆ, ಪಟಾಕಿ ನಮ್ಮ ಕಡೆಯಿಂದಲೇ ಹೋಗುವಂಥವು. ಆಮೇಲೆ 'ಜೇನು ದಾಳಿ' ಅನ್ನುತ್ತೇವೆ, ಪಂಜು ಹಿಡಿದು ಗೂಡೇ ಸುಡುತ್ತೇವೆ. ನನಗೆ ಇದು ಬಹಳ ನೋವಿನ ಮಾತು. ಯಾಕೆಂದರೆ ಹೆಜ್ಜೇನಿನ ಗೂಡು ಇಲ್ಲಿ ಸುಟ್ಟರೆ ನಷ್ಟ ಹೊಲಕ್ಕೆ.

ಅದು ಹಿರಿಯೂರಿನ ಕಡೆ ಹೋದಾಗ ಇನ್ನೂ ಚೆನ್ನಾಗಿ ಗೊತ್ತಾಯಿತು. ವಾಣಿವಿಲಾಸ ಸಾಗರದ ನಾಲೆ ಬಯಲಲ್ಲಿ, ಗೆಳೆಯನ ದೂರದ ನೆಂಟರ ತೋಟ. ಪಕ್ಕದಲ್ಲೇ ಸೂರ್ಯಕಾಂತಿ ಹೂವಿಗೆ ಬಂದಿತ್ತು. ಯಜಮಾನರು ಒಂದು ಹೂವನ್ನು ಬಗ್ಗಿಸಿ ತೋರಿಸಿದರು. ನಾವು ಒಂದು ಹೂ ಅನ್ನುವುದು ನೂರಾರು ಪುಟ್ಟ ಹೂಗಳ ತಟ್ಟೆ. ಅಂಚಿನವು ಮೊದಲು ಅರಳುತ್ತವೆ, ದಿನ ಕಳೆದಂತೆ ಒಳಗಿನವು. ಒಂದೊಂದು ಹೂವಿಗೆ ಒಂದೊಂದು ಬೀಜ. ಬೇರೆ ಗಿಡದ ಪರಾಗ ಸಿಕ್ಕರೆ ಕಾಳು ಗಟ್ಟಿ, ಇಲ್ಲದಿದ್ದರೆ ಜೊಳ್ಳು ಜಾಸ್ತಿ. ಆ ತಟ್ಟೆಯ ಮೇಲೆ ಹೆಜ್ಜೇನು, ಪೆಟ್ಟಿಗೆಯಲ್ಲಿ ಸಾಕುವ ತುಡುವೆ, ಕಡ್ಡಿಗೆ ಕಟ್ಟುವ ಪುಟ್ಟ ಕೋಲುಜೇನು ಮೂರೂ ಓಡಾಡುತ್ತಿದ್ದವು. ಕಾಲಿಗೆಲ್ಲ ಹಳದಿ ಉಂಡೆ. ಎಣ್ಣೆ ಊರು ಅಂತ ಚಳ್ಳಕೆರೆ ಹೆಸರು ಮಾಡಿದ ಜಿಲ್ಲೆ ಇದು, ಅಲ್ವಾ? ಎಣ್ಣೆಯ ಲೆಕ್ಕದಲ್ಲಿ ಈ ಹುಳುಗಳ ಕೂಲಿ ಯಾರೂ ಬರೆಯುವುದಿಲ್ಲ.

ತೋಟದ ನೆರಳಲ್ಲಿ ತುಡುವೆ ಪೆಟ್ಟಿಗೆಗಳು. 1990ರ ದಶಕದ ಮೊದಲಲ್ಲಿ ಥಾಯ್ ಸ್ಯಾಕ್‌ಬ್ರೂಡ್ ವೈರಸ್ ಬಂದು ಮರಿಗಳು ಎರಿಯಲ್ಲೇ ಸತ್ತು, ನಮ್ಮ ರಾಜ್ಯದಲ್ಲಿ ಲೆಕ್ಕವಿಲ್ಲದಷ್ಟು ಪೆಟ್ಟಿಗೆ ಖಾಲಿಯಾದವು. ಆ ಹೊಡೆತ ತಿಂದೂ ಉಳಿದ ಜಾತಿ ಇದು. ಯಜಮಾನರು ಮೆಲ್ಲಗೆ ಮುಚ್ಚಳ ತೆಗೆದು ಒಂದು ಚೌಕಟ್ಟು ಎತ್ತಿದರು.

'ನೋಡಪ್ಪಾ, ಉದ್ದ ಹೊಟ್ಟೆಯದು ರಾಣಿ. ಅದೊಂದೇ ತಾಯಿ. ಉಳಿದ ಹೆಣ್ಣೆಲ್ಲ ಕೆಲಸಕ್ಕೆ.'

ಆ ಕೆಲಸದ ಹಂಚಿಕೆ ವಯಸ್ಸಿನ ಪ್ರಕಾರ. ಹುಟ್ಟಿದ ಹೊಸತರಲ್ಲಿ ಕೋಣೆ ಗುಡಿಸುವುದು, ಆಮೇಲೆ ಮರಿಗೆ ಉಣಿಸುವುದು, ಮೇಣ ಬಿಡುವುದು, ಬಾಗಿಲು ಕಾಯುವುದು. ಕೊನೆಗೆ ಹೂವಿಗೆ ಹೋಗುವುದು. ಹೂವು ಚೆನ್ನಾಗಿರುವ ಕಾಲದಲ್ಲಿ ದುಡಿದು ದುಡಿದು ಕೆಲವೇ ವಾರಕ್ಕೆ ಸಾಯುತ್ತವೆ. ಗಂಡು ಹುಳುಗಳಿಗೆ ಕೊಂಡಿಯೇ ಇಲ್ಲ.

ಚೌಕಟ್ಟಿನ ಮೂಲೆಯಲ್ಲಿ ಒಂದು ಹುಳು ಹೊಟ್ಟೆ ಅಲ್ಲಾಡಿಸುತ್ತಾ ನೇರ ನಡೆದು, ಸುತ್ತಿ ಬಂದು, ಮತ್ತೆ ಅದೇ ಗೆರೆಯಲ್ಲಿ ನಡೆಯುತ್ತಿತ್ತು. ನಾಲ್ಕೈದು ಹುಳು ಮೀಸೆ ತಾಗಿಸಿಕೊಂಡು ಹಿಂದೆ. ಹೂವು ಎಲ್ಲಿದೆ ಅಂತ ಉಳಿದವಕ್ಕೆ ಹೇಳುವ ಕುಣಿತ ಇದು. ಕತ್ತಲ ಗೂಡಲ್ಲಿ 'ಮೇಲೆ' ಅಂದರೆ ಸೂರ್ಯನ ದಿಕ್ಕು. ಮೇಲಿನಿಂದ ಎಷ್ಟು ವಾಲಿ ನಡೆಯಿತೋ, ಸೂರ್ಯನಿಂದ ಅಷ್ಟೇ ವಾರೆಯಲ್ಲಿ ಹೂವಿದೆ. ಹೆಚ್ಚು ಹೊತ್ತು ಅಲ್ಲಾಡಿಸಿದರೆ ಹೆಚ್ಚು ದೂರ. ಈ ಕುಣಿತ ಬಿಡಿಸಿ ಓದಿದ ಕಾರ್ಲ್ ವಾನ್ ಫ್ರಿಶ್‌ಗೆ 1973ರಲ್ಲಿ ನೊಬೆಲ್ ಬಂತು. ಎಷ್ಟೋ ಸಲ ಓದಿದ್ದೆ. ಕಣ್ಣೆದುರು ಕಂಡಾಗ ಮೈ ಜುಮ್ಮೆಂದಿತು.

ಯಜಮಾನರ ಚಿಂತೆ ಔಷಧಿ ಹೊಡೆಯುವವರದ್ದು. ಬೆಳಿಗ್ಗೆ ಹೂವಿನ ಮೇಲೆ ಹೊಡೆದರೆ ಮೇವಿಗೆ ಹೋದವು ವಾಪಸ್ ಬರುವುದಿಲ್ಲ. ಪಕ್ಕದ ಹೊಲದವರಿಗೆ ಹೇಳಿ ಹೇಳಿ ಸಂಜೆಗೆ ಒಪ್ಪಿಸಿದ್ದಾರೆ, ಹುಳು ಗೂಡು ಸೇರಿದ ಮೇಲೆ.

ಬದುವಿನ ಹುಣಸೆ ಮರದಲ್ಲೂ ಒಂದು ಹೆಜ್ಜೇನು ಕಟ್ಟಿತ್ತು. ಇಳಿಸಲ್ವಾ ಅಂತ ಕೇಳಿದೆ.

'ಯಾಕಪ್ಪಾ? ಹೂವು ಮುಗಿದ್ರೆ ಅವೇ ಎದ್ದು ಹೋಗ್ತವೆ. ಅಲ್ಲೀ ತನಕ ಆ ಕಡೆ ಟ್ರ್ಯಾಕ್ಟರ್ ಬಿಡಬೇಡ ಅಂತ ಮಗನಿಗೆ ಹೇಳಿದೀನಿ.'