ಅವಳು ಎಡಗೈಯಲ್ಲೇ ಬರೆಯಲಿ

ನಾನು ಹುಟ್ಟಾ ಎಡಚಿ. ಬರೆಯುವುದು, ಕತ್ತರಿ ಹಿಡಿಯುವುದು, ಚೆಂಡು ಎಸೆಯುವುದು, ಎಲ್ಲ ಎಡಗೈಯಲ್ಲೇ. ದೊಡ್ಡವಳಾದ ಮೇಲೆ ಒಂದು ಪ್ರಾರ್ಥನಾ ಬಳಗಕ್ಕೆ ಸೇರಿದೆ. ಕಷ್ಟದಲ್ಲಿ ನನ್ನ ಜೊತೆ ನಿಂತವರು ಅವರೇ. ಆದರೆ ಅಲ್ಲಿ ದೀಪ ಹಚ್ಚಲು, ಗ್ರಂಥ ಮುಟ್ಟಲು, ಕಾಣಿಕೆ ಹಾಕಲು ಬಲಗೈಯೇ ಆಗಬೇಕು. ಯಾರೂ ಬೈಯಲಿಲ್ಲ. "ಆ ಕೈ ಬೇಡಮ್ಮ" ಅಂತ ಮೆಲ್ಲಗೆ ಹೇಳುತ್ತಿದ್ದರು, ಅಷ್ಟೇ. ಅಷ್ಟಕ್ಕೇ ನನ್ನ ಮುಖ ಬಿಸಿಯಾಗುತ್ತಿತ್ತು.

ಮನೆಯಲ್ಲಿ ಕೂತು ಬಲಗೈಯಲ್ಲಿ ಬೆಂಕಿಕಡ್ಡಿ ಗೀರುವುದನ್ನು ಕಲಿತೆ. ಎಷ್ಟು ಒತ್ತಬೇಕು ಅನ್ನುವುದೇ ಆ ಕೈಗೆ ಗೊತ್ತಿಲ್ಲ. ಹಗುರಾಗಿ ಗೀರಿದರೆ ಹತ್ತುವುದಿಲ್ಲ, ಜೋರಾಗಿ ಗೀರಿದರೆ ಕಡ್ಡಿ ಮಧ್ಯಕ್ಕೇ ಮುರಿಯುತ್ತದೆ. ಅಷ್ಟರಲ್ಲಿ ಎಡಗೈ ತಾನಾಗಿಯೇ ಮುಂದೆ ಬಂದಿರುತ್ತದೆ. ಕೊನೆಗೂ ರೂಢಿಯಾಯಿತು. ಆದರೆ ಪ್ರಾರ್ಥನೆಯ ಹೊತ್ತಿನಲ್ಲಿ ನನ್ನ ಗಮನವೆಲ್ಲ ಕೈ ಮೇಲೆ. ದೇವರು ಆಮೇಲೆ. ನನಗೆ ಜಾಸ್ತಿ ನೋವಾಗಿದ್ದು ಅದಕ್ಕೇ.

ಮೊನ್ನೆ ಬಳಗದ ಮಕ್ಕಳ ತರಗತಿಗೆ ಹೋಗಿದ್ದೆ. ಒಬ್ಬ ಪುಟ್ಟ ಹುಡುಗಿ ಎಡಗೈಯಲ್ಲಿ ಬಣ್ಣದ ಪೆನ್ಸಿಲ್ ಹಿಡಿದು ಸೂರ್ಯನ ಚಿತ್ರ ಬರೆಯುತ್ತಿದ್ದಳು. ಪಾಠ ಹೇಳುವ ಅಕ್ಕ ಪೆನ್ಸಿಲ್ ತೆಗೆದು ಅವಳ ಬಲಗೈಗೆ ಕೊಟ್ಟರು. ಅಕ್ಕ ಆಚೆ ತಿರುಗಿದ್ದೇ ತಡ, ಪೆನ್ಸಿಲ್ ಮತ್ತೆ ಎಡಗೈಗೆ ಬಂತು. ಅವರು ಮತ್ತೆ ಬದಲಾಯಿಸಿದರು. ಈ ಸಲ ಅವಳು ಬರೆಯಲೇ ಇಲ್ಲ. ಅರ್ಧ ಸೂರ್ಯನನ್ನು ನೋಡುತ್ತಾ ಸುಮ್ನೆ ಕೂತಳು.

ನನಗೆ ತಡೆಯಲಾಗಲಿಲ್ಲ. "ಅಕ್ಕ, ಅವಳು ಬೇಕಂತ ಮಾಡುತ್ತಿಲ್ಲ. ಸುಮಾರು 10 ಜನರಲ್ಲಿ ಒಬ್ಬರು ಹೀಗೇ ಇರುತ್ತಾರೆ. ಹೊಟ್ಟೆಯಲ್ಲಿರುವಾಗಲೇ ಮಗು ಒಂದು ಕೈಯ ಹೆಬ್ಬೆರಳನ್ನೇ ಜಾಸ್ತಿ ಚೀಪುವುದನ್ನು ಸ್ಕ್ಯಾನಿಂಗ್‌ನಲ್ಲಿ ನೋಡಿದ್ದಾರೆ. ದೇವರೇ ಕೊಟ್ಟ ಕೈ ಅಲ್ವಾ?"

"ಈಗ ತಿದ್ದದಿದ್ದರೆ ಮುಂದೆ ಅವಳಿಗೇ ಕಷ್ಟ" ಅಂದರು. ಅವರಿಗೂ ಮಗುವಿನ ಮೇಲೆ ಪ್ರೀತಿ ಇದೆ, ಅದು ನನಗೆ ಗೊತ್ತು. ಆಮೇಲೆ ಹೇಳಿದರು, "ನೀವೂ ಬದಲಾಯಿಸಿಕೊಂಡಿದ್ದೀರಲ್ಲ, ಏನಾಯ್ತು ಈಗ?"

ನಾನು ಬದಲಾಗಿದ್ದೇ ಆ ಮಗುವಿಗೆ ಮುಳುವಾಗುತ್ತಿತ್ತು. ಇಷ್ಟು ದಿನ ಯಾರಿಗೂ ಹೇಳದಿದ್ದದ್ದನ್ನು ಅಲ್ಲೇ ಹೇಳಿದೆ. ಮುರಿದ ಕಡ್ಡಿಗಳನ್ನೂ, ಪ್ರಾರ್ಥನೆಯಲ್ಲಿ ಮನಸ್ಸು ನಿಲ್ಲದ್ದನ್ನೂ. ಅಕ್ಕ ಎದುರು ಮಾತಾಡಲಿಲ್ಲ. ಹಿರಿಯರನ್ನು ಕೇಳೋಣ ಅಂದರು.

ಕೇಳಿದೆವು. ಮಗು ಯಾವ ಕೈಯಲ್ಲಾದರೂ ಬರೆಯಲಿ, ದೀಪ ಮಾತ್ರ ಬಲಗೈಯಲ್ಲೇ ಹಚ್ಚಲಿ ಅಂತ ಹಿರಿಯರು ಹೇಳಿದರು. ಪೆನ್ಸಿಲ್ ಹುಡುಗಿಯ ಎಡಗೈಗೆ ವಾಪಸ್ ಬಂತು. ದೀಪದ ಮಾತನ್ನು ನಾನು ಇಲ್ಲಿಗೇ ಬಿಡುವುದಿಲ್ಲ. ಮುಂದಿನ ಸಭೆಯಲ್ಲಿ ಮತ್ತೆ ಎತ್ತುತ್ತೇನೆ.