ಯೂಮಾದ ಕ್ರಿಮಿನಲ್‌ಗಳು

2024 ನವೆಂಬರ್ 29, ಶುಕ್ರವಾರ

ಅಮೆರಿಕದ ಅರಿಜೋನಾದಲ್ಲಿರುವ ಚಾಂಡ್ಲರ್‌ನಿಂದ ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯೇಗೊಗೆ ಹೊರಟವರಿಗೆ ಯೂಮಾ ಅಂದರೆ ಪೆಟ್ರೋಲ್ ಹಾಕಿಸಿ, ಡಬ್ಬಿಯ ಚಿತ್ರಾನ್ನ ತಿಂದು ಮುಂದಕ್ಕೆ ಹೋಗುವ ಊರು. ನಾವೂ ಹಾಗೇ ಮಾಡುತ್ತಿದ್ದೆವು. ಇವತ್ತು ಬಂಕಿನಲ್ಲಿ ಮಗ ನನ್ನ ಕೈ ಜಗ್ಗಿ ಒಬ್ಬ ಅಜ್ಜಿಯನ್ನು ತೋರಿಸಿದ. ಅವರ ಟೀ ಶರ್ಟಿನ ಮೇಲೆ ದಪ್ಪ ಅಕ್ಷರದಲ್ಲಿ ‘ಕ್ರಿಮಿನಲ್ಸ್’. “ಅಮ್ಮಾ, ಪೊಲೀಸರಿಗೆ ಹೇಳೋಣ್ವಾ?” ಕನ್ನಡ ಬಾರದಿದ್ದರೂ ಅಜ್ಜಿಗೆ ಅವನ ಮುಖ ನೋಡಿಯೇ ಗೊತ್ತಾಯಿತು. ತಾವೂ ಕ್ರಿಮಿನಲ್, ಮಗಳೂ ಕ್ರಿಮಿನಲ್, ಈಗ ಮೊಮ್ಮಗನೂ ಕ್ರಿಮಿನಲ್ ಅಂತ ಹೆಮ್ಮೆಯಿಂದ ಹೇಳಿಕೊಂಡರು.

ಯೂಮಾ ಹೈಸ್ಕೂಲಿನ ತಂಡದ ಹೆಸರೇ ಅದು. ಬೇರೆ ಶಾಲೆಗಳು ಹುಲಿ, ಹದ್ದು ಅಂತ ಇಟ್ಟುಕೊಂಡರೆ ಇವರ ಲಾಂಛನದಲ್ಲಿರುವುದು ಒಬ್ಬ ಪಕ್ಕಾ ಅಪರಾಧಿಯ ಮುಖ. ನಮ್ಮೂರಿನ ಶಾಲೆಗೆ ಯಾರಾದರೂ ಈ ಹೆಸರಿಟ್ಟಿದ್ದರೆ ಅಪ್ಪ ಮರುದಿನವೇ ಟಿ.ಸಿ. ತರುತ್ತಿದ್ದರು!

ಕೊಲರಾಡೋ ನದಿಯ ದಂಡೆಯ ಹಳೇ ಜೈಲಿಗೂ ಹೋಗಿ ಬಂದೆವು. ಈಗ ಅದು ಸರ್ಕಾರದ ಮ್ಯೂಸಿಯಂ. ಅರಿಜೋನಾ ಇನ್ನೂ ರಾಜ್ಯವಾಗುವ ಮುಂಚೆ, 1876ರಲ್ಲಿ ಶುರುವಾದ ಜೈಲು. ಮೊದಲು ಬಂದ ಕೈದಿಗಳು ತಮ್ಮ ಕೋಣೆಗಳನ್ನು ತಾವೇ ಕಟ್ಟಿಕೊಳ್ಳಬೇಕಾಯಿತು. ಮೂರು ಸಾವಿರಕ್ಕೂ ಹೆಚ್ಚು ಜನ ಇಲ್ಲಿ ಶಿಕ್ಷೆ ಅನುಭವಿಸಿದ್ದಾರೆ, ಅವರಲ್ಲಿ 29 ಹೆಂಗಸರು. ಬೆಳಕೇ ಬಾರದ ಕತ್ತಲಕೋಣೆಯ ಒಳಗೆ ಒಂದು ನಿಮಿಷ ನಿಲ್ಲಲು ಆಗಲಿಲ್ಲ ನನಗೆ. ಇಲ್ಲಿನ ಬೇಸಿಗೆಯಲ್ಲಿ ಅದರೊಳಗೆ ಕೂತವರ ಗತಿ ಏನು?

1909ರಲ್ಲಿ ಜೈಲು ಮುಚ್ಚಿತು. ಮರುವರ್ಷ ಖಾಲಿ ಕಟ್ಟಡಕ್ಕೆ ಹೈಸ್ಕೂಲು ಬಂತು, 1914ರವರೆಗೆ ಅಲ್ಲೇ ನಡೆಯಿತು. ಆ ನಡುವೆ, 1913ರಲ್ಲಿ, ಈ ಹುಡುಗರು ಫೀನಿಕ್ಸ್‌ನ ತಂಡವನ್ನು ಫುಟ್‌ಬಾಲ್‌ನಲ್ಲಿ ಸೋಲಿಸಿದರಂತೆ. ಸೋತವರು ಹೊಟ್ಟೆಯುರಿಗೆ ‘ಕ್ರಿಮಿನಲ್‌ಗಳು’ ಅಂತ ಬೈದರು. ಜೈಲಿನಲ್ಲಿ ಓದುವವರಿಗೆ ಇನ್ನೇನನ್ನುತ್ತಾರೆ? ಯೂಮಾದವರು ಮೊದಮೊದಲು ಕೆಂಡವಾದರು, ಆಮೇಲೆ ಆ ಬೈಗುಳವನ್ನೇ ಬಿಡದೆ ಹಿಡಿದುಕೊಂಡರು. 1917ರಲ್ಲಿ ಶಾಲಾ ಮಂಡಳಿಯೂ ಒಪ್ಪಿ ಮುದ್ರೆ ಒತ್ತಿತು. ಕಮಿಟಿಯವರು ಕೂತು ಆರಿಸಿದ ಹುಲಿ ಸಿಂಹವಾಗಿದ್ದರೆ ಮೂರು ತಲೆಮಾರು ಹೀಗೆ ಮೈಮೇಲೆ ಹಾಕಿಕೊಂಡು ತಿರುಗುತ್ತಿತ್ತೇ? ನನಗಂತೂ ಅನುಮಾನ. ಗೆದ್ದು ಗಳಿಸಿದ ಬೈಗುಳ ಅದು.

ಶಾಲೆಯ ಸಾಮಾನು ಮಾರುವ ಅಂಗಡಿಯ ಹೆಸರು ‘ಸೆಲ್ ಬ್ಲಾಕ್’, ಅಂದರೆ ಜೈಲುಕೋಣೆಗಳ ಸಾಲು, ಅಂತೆ. ಮಗನಿಗೆ ಅಲ್ಲಿಂದ ಒಂದು ಟೋಪಿ ಬೇಕೇ ಬೇಕಂತೆ. “ತಗೋ, ಆದ್ರೆ ಇಂಡಿಯಾಗೆ ಹೋಗುವಾಗ ಇಮಿಗ್ರೇಷನ್ ಲೈನಿನಲ್ಲಿ ಮಾತ್ರ ಹಾಕ್ಕೋಬೇಡಪ್ಪ” ಅಂದರು ಇವರು.